ಕಾಫಿ ತಂದಿಟ್ಟು ಒಳಗೆ ಹೋಗುವಳು

ಯಾರಾದರೂ ನಿಮಗೆ "ಇಷ್ಟು ಸಾಕು" ಎಂದರೆ ಅದು ಮೊದಲ ರೇಟು, ಕೊನೆಯದಲ್ಲ. ಇದನ್ನು ಗಂಟು ಕಟ್ಟಿಟ್ಟುಕೊಳ್ಳಿ. ಕುಕ್ಕರು, ಬಾಣಲೆ ಹೊತ್ತು ಮನೆಮನೆ ಸುತ್ತಿ, ಕೊನೆಗೆ ನಾಗಸಂದ್ರದಲ್ಲಿ ಪಾತ್ರೆ ಅಂಗಡಿ ಹಾಕಿದವಳು ನಾನು. ಚೌಕಾಸಿಯಲ್ಲಿ ನನ್ನನ್ನು ಗೆದ್ದವರು ಕಡಿಮೆ. ಆದರೆ ನಮ್ಮ ಬಡಾವಣೆಯ ರಾಜ್ಯೋತ್ಸವದ ನಾಟಕದಲ್ಲಿ ಮಾತ್ರ ಪ್ರತಿ ವರ್ಷ ಪಾತ್ರ ಹಂಚುವವರು ಹೇಳಿದ ರೇಟಿಗೇ ತಲೆಯಾಡಿಸುತ್ತಿದ್ದೆ.

ನಾಟಕ ಬರೆಯುವವರು, ಆಡಿಸುವವರು, ನಾಯಕರಾಗಿ ಮೆರೆಯುವವರು ಎಲ್ಲ ನಂಜುಂಡಪ್ಪನವರೇ. ಪೀಣ್ಯದ ಕಾರ್ಖಾನೆಯಿಂದ ನಿವೃತ್ತರಾದರೂ ನಾಯಕನ ಪಾತ್ರದಿಂದ ನಿವೃತ್ತರಾದವರಲ್ಲ. ಮೊಮ್ಮಕ್ಕಳಿರುವ ಅವರಿಗೆ, ಅವರಿಗಿಂತ ಎಷ್ಟೋ ಚಿಕ್ಕವಳಾದ ನಾನು ತಾಯಿ! ನನ್ನ ಪಾಲಿಗೆ ಒಂದೇ ಸಾಲು, ಅದೂ ಮಾತಲ್ಲ, ಸೂಚನೆ: "ತಾಯಿ ಕಾಫಿ ತಂದಿಟ್ಟು ಒಳಗೆ ಹೋಗುವಳು." ಒಳಗೆ ಹೋಗಿ ಅವಳು ಏನು ಮಾಡುತ್ತಾಳೆ ಎಂದು ಒಮ್ಮೆ ಕೇಳಿದೆ. "ಪಾತ್ರೆಯವ್ರಿಗೆ ಪಾತ್ರ ಕೊಟ್ಟಿದ್ದೀವಲ್ಲಮ್ಮ, ಇನ್ನೇನ್ ಬೇಕು?" ಎಂದು ನಕ್ಕರು.

ಆಗಲೇ ಒಂದು ದಿನ, ಆಫೀಸಿಗೆಂದು ಫ್ರೆಂಚ್ ಕಲಿಯುತ್ತಿದ್ದ ನನ್ನ ಮಗಳು ಮೊಬೈಲಿನಲ್ಲಿ ಫ್ರಾನ್ಸಿನ ನಟಿಯೊಬ್ಬಳ ಸಂದರ್ಶನ ತೋರಿಸಿ ಅರ್ಥ ಹೇಳಿದಳು. ಹರೆಯದಲ್ಲಿ ಆಕೆಗೆ ಸಿಕ್ಕಿದ್ದೆಲ್ಲ ಕಿಟಕಿಯ ಪಕ್ಕ ನಿಂತು ಅಳುವ ಪಾತ್ರಗಳು. ವಯಸ್ಸಾದಂತೆ ಕಿಟಕಿ ಹೋಗಿ ಅಳು ಮಾತ್ರ ಉಳಿಯಿತಂತೆ. "ಇವಳು ಅಳೋದ್ಯಾಕೆ?" ಎಂದು ನಿರ್ದೇಶಕನನ್ನು ಕೇಳಿದಳು; "ನೀನು ಅಳು, ಅಷ್ಟು ಸಾಕು" ಎಂದನಂತೆ ಅವನು. ತಾನೇ ಉತ್ತರ ಬರೆಯಲು ಕೂತು ಚಿತ್ರಕಥೆಗಾರ್ತಿಯಾದಳು. ಈಗ ನಾಯಕಿಯರೆಲ್ಲ ಅವಳ ಮನೆ ಬಾಗಿಲಲ್ಲಿ.

"ನಟನೆ?" ಎಂದೆ.

"ಬಿಟ್ಬಿಟ್ಳು ಅಮ್ಮ."

"ದಡ್ಡಿ! ಎರಡೂ ಇಟ್ಕೋಬೇಕಿತ್ತು" ಎಂದೆ. ಫ್ರಾನ್ಸಿಗೆ ಸಲಹೆ ಕೊಡುವುದಕ್ಕೆ ನನಗೇನು ಸಂಕೋಚ?

ಆ ವರ್ಷ ನಂಜುಂಡಪ್ಪನವರಿಗೆ ಕಣ್ಣಿನ ಆಪರೇಷನ್ ಆಗಿ ನಾಟಕ ಬರೆಯಲಾಗಲಿಲ್ಲ. ನಾನು ಬರೆದೆ. ತಾಯಿ ಒಳಗೆ ಹೋಗುತ್ತಾಳೆ, ಕಥೆಯೂ ಅವಳ ಹಿಂದೆಯೇ ಅಡುಗೆಮನೆಗೆ ಹೋಗುತ್ತದೆ. ಮಗ ಖಾಲಿ ಲೋಟ ತಂದಿಟ್ಟು ಹೊರಗೆ ಹೋಗುವನು. ಓದಿ ಹೇಳಿದಾಗ ಅವರು ಕಣ್ಣಿನ ಕಪ್ಪು ಕನ್ನಡಕ ಸರಿಮಾಡಿಕೊಂಡು, "ಚೆನ್ನಾಗಿದೆ ಕಣಮ್ಮ. ತಾಯಿ ಪಾತ್ರ ನಾನೇ ಮಾಡ್ತೀನಿ" ಎಂದರು.

"ಸೀರೆ ಉಟ್ಕೊಂಡಾ ಸಾರ್?"

"ಹಿಂದೆಲ್ಲ ಗಂಡಸ್ರೇ ಮಾಡ್ತಿರ್ಲಿಲ್ವಾ? ಬರೆದವ್ರೇ ಆಡಿದ್ರೆ ಜನ ಏನಂತಾರೆ?"

"ಇಷ್ಟ್ ವರ್ಷ ನಿಮ್ಗೇನಂದ್ರು?"

ಹಾಳೆಗಳನ್ನು ಮಡಚಿ ಎತ್ತಿಕೊಂಡು ಎದ್ದೆ. ಗಿರಾಕಿ ಸರಿಯಾದ ರೇಟು ಹೇಳುವುದು ನಾವು ಎದ್ದ ಮೇಲೆಯೇ. ನಾನಿನ್ನೂ ಗೇಟು ತಲುಪಿರಲಿಲ್ಲ, "ಏಯ್, ನಿಂತ್ಕೊಳ್ಳಮ್ಮ! ನೀನೇ ಮಾಡು, ಆಯ್ತಾ?" ಎಂದು ಕೂಗು ಬಂತು.

ಮಾಡಿದೆ. ಜನರನ್ನು ಅಳಿಸಲೇಬೇಕೆಂದು ವಾರವಿಡೀ ಕೂತು ತಿದ್ದಿದ್ದ ಸಾಲೊಂದಿತ್ತು. ಸೆರಗಿನಿಂದ ಕಣ್ಣೊತ್ತಿಕೊಂಡು ಹೇಳಿದೆ: "ಈ ಮನೇಲಿ ನನ್ ಮಾತಿಗೆ ಉತ್ತರ ಕೊಡೋದು ಕುಕ್ಕರ್ ಒಂದೇ!" ಹೆಂಗಸರು ಬಿದ್ದು ಬಿದ್ದು ನಕ್ಕರು. ಹಿಂದಿನ ಸಾಲಿನಲ್ಲಿ ಯಾರೋ ಕುಕ್ಕರಿನಂತೆಯೇ ಸೀಟಿ ಹೊಡೆದರು. "ಇನ್ನೊಂದ್ ಸಲ ಹೇಳಕ್ಕಾ!" ಎಂಬ ಕೂಗು. ನನ್ನ ಕಣ್ಣಲ್ಲಿ ನೀರು ಬಂದದ್ದು ನಿಜ, ಅದು ನಟನೆಯಲ್ಲ. ಆದರೂ ಸೆರಗು ಸಿಕ್ಕಿಸಿಕೊಂಡು ಇನ್ನೊಮ್ಮೆ ಹೇಳಿದೆ, ಇನ್ನೂ ಜೋರಾಗಿ.

ನಾನು ಬರೆದದ್ದು ಹಾಸ್ಯ ನಾಟಕವೆಂದು ಈಗ ಎಲ್ಲರಿಗೂ ಹೇಳುತ್ತಿದ್ದೇನೆ. ಗಿರಾಕಿ ಬಾಣಲೆಯೆಂದು ಒಯ್ದದ್ದನ್ನು ಹಿಂದೆ ಓಡಿಹೋಗಿ ಪರಾತವೆನ್ನುವಷ್ಟು ದಡ್ಡಿ ನಾನಲ್ಲ.