ಹಳದಿ ಪಾದಗಳ ಸುರಕ್ಷಿತ ಸ್ಥಳಾಂತರ

ಸ್ಪ್ರೇ ಪೇಂಟ್‌ನ ಸುರಕ್ಷಿತ ಹಾಗೂ ಪರಿಣಾಮಕಾರಿ ಬಳಕೆಯಲ್ಲಿ ಟುಲ್ಬೀನ ಪುರಸಭೆಯನ್ನು ಮೀರಿಸುವ ಪುರಸಭೆ ಆಸ್ಟ್ರೇಲಿಯಾದಲ್ಲೇ ಇಲ್ಲವೆಂದು ಪ್ರಕಟಿಸಲಾಗಿದೆ. ಪ್ರಕಟಣೆ ಬರೆದವನು ನಾನೇ ಆದ್ದರಿಂದ ಅದರ ಸತ್ಯದ ಬಗ್ಗೆ ನನಗೆ ಅನುಮಾನವಿಲ್ಲ.

ನಮ್ಮೂರ ಶಾಲೆಯ ಎದುರು, ಮಕ್ಕಳು ರಸ್ತೆ ದಾಟುವ ಮುನ್ನ ನಿಲ್ಲಬೇಕಾದ ಜಾಗದಲ್ಲಿ, ಫುಟ್‌ಪಾತ್ ಮೇಲೆ ಒಂದು ಜೊತೆ ಹಳದಿ ಪಾದಗಳಿದ್ದವು. ಬಿಸಿಲಿಗೆ ಅವು ಮಾಸಿಹೋದವು. ಎಲ್ಲಿ ನಿಲ್ಲಬೇಕೆಂದು ತಿಳಿಯದ ಮಕ್ಕಳು ಕುರಿ ತುಂಬಿದ ಲಾರಿಗಳ ಮುಂದೆಯೇ ಬಂದು ನಿಲ್ಲತೊಡಗಿದರು. ಕೈಯಲ್ಲಿ ಸ್ಟಾಪ್ ಫಲಕ ಹಿಡಿದು ಮಕ್ಕಳನ್ನು ದಾಟಿಸುವ ಗ್ಲೆನಿಸ್ ಟ್ರೆಗೆಂಜಾ ಕಚೇರಿಗೆ ಬಂದು ಮೇಜು ಕುಟ್ಟಿದಳು.

"ಒಂದು ಡಬ್ಬಿ ಹಳದಿ ಬಣ್ಣ ಕೊಡ್ರಪ್ಪ, ನಾನೇ ಹೊಡ್ಕೋತೀನಿ. ಟೀ ಆರೋದ್ರೊಳಗೆ ಮುಗಿಯುತ್ತೆ."

ಸುರಕ್ಷಾಧಿಕಾರಿ ರಾಯ್ಸ್ ಪೆಟಿಫರ್ ಬೆಚ್ಚಿಬಿದ್ದ. "ಟೀ ಹತ್ರ ಸ್ಪ್ರೇ ಹೊಡೀತೀರಾ?"

ನಿಯಮಾವಳಿ ಅವನಿಗೆ ಬಾಯಿಪಾಠ. ಒಳಗಿನ ಗುಂಡು ಗಡಗಡ ಅನ್ನುವಂತೆ ಡಬ್ಬಿಯನ್ನು ಚೆನ್ನಾಗಿ ಕುಲುಕಬೇಕು. ಅಡಿಯಷ್ಟು ದೂರದಿಂದ, ತೆಳುವಾಗಿ, ಹಲವು ಸಲ ಹೊಡೆಯಬೇಕು. ಗಾಳಿ ಬೀಸುವಾಗ ಹೊಡೆಯಬಾರದು, ಗಾಳಿಯಾಡದ ಕಡೆಯಂತೂ ಹೊಡೆಯಲೇಬಾರದು. ಎಲ್ಲವೂ ಒಳ್ಳೆಯ ನಿಯಮಗಳೇ. ತಪ್ಪು ಊರಿನದು. ಟುಲ್ಬೀನದಲ್ಲಿ ಗಾಳಿ ನಿಂತದ್ದನ್ನು ಕಂಡವರು ಯಾರೂ ಈಗ ಬದುಕಿಲ್ಲ.

ಗಾಳಿಯನ್ನು ತಡೆಯುವ ಅಧಿಕಾರ ಪುರಸಭೆಗಿಲ್ಲ, ಫುಟ್‌ಪಾತ್ ಕೀಳುವ ಅಧಿಕಾರವಿದೆ. ಹೀಗಾಗಿ ಪಾದಗಳಿದ್ದ ಕಾಂಕ್ರೀಟ್ ಚಪ್ಪಡಿಯನ್ನು ಕ್ರೇನಿನಿಂದ ಎಬ್ಬಿಸಿ ಊರ ಸಭಾಂಗಣಕ್ಕೆ ತರಲಾಯಿತು. ಗಾಳಿಯಾಡಲೆಂದು ಕಿಟಕಿಗಳನ್ನೆಲ್ಲ ತೆರೆದೆವು. ಗಾಳಿ ಹೆಚ್ಚು ಬಾರದಿರಲೆಂದು ಪ್ರತಿ ಕಿಟಕಿಗೂ ಒಬ್ಬ ಸದಸ್ಯರನ್ನು ಅಡ್ಡ ನಿಲ್ಲಿಸಿದೆವು. ನಮ್ಮ ಸದಸ್ಯರು ಇಷ್ಟು ಉಪಯೋಗಕ್ಕೆ ಬಂದದ್ದು ಅದೇ ಮೊದಲು.

ರಾಯ್ಸ್ ನಮಗೆಲ್ಲ ಮುಖಗವಸು ತೊಡಿಸಿ, ತಾನೂ ತೊಟ್ಟು, ಡಬ್ಬಿ ಕುಲುಕಿ, ಪಾದದಾಕಾರ ಕತ್ತರಿಸಿದ ರಟ್ಟಿಟ್ಟು, ಒಂದು ಅಂಚಿನ ಆಚೆಯಿಂದ ಶುರುಮಾಡಿ ಇನ್ನೊಂದು ಅಂಚಿನ ಆಚೆಗೇ ಕೈ ಎತ್ತುತ್ತಾ ಪದರದ ಮೇಲೆ ಪದರ ಹೊಡೆದ. ಒಂದು ಹನಿಯೂ ಇಳಿಯಲಿಲ್ಲ. ಪಾದಗಳು ಮದುವೆಮನೆಯ ಲಾಡುವಿನ ಹಾಗೆ ಹೊಳೆದವು. ನಾವು ಕುಣಿದಾಡಿದೆವು. ಮುಖಗವಸು ತೆಗೆಯಲು ಅಪ್ಪಣೆಯಾಗುವವರೆಗೆ ಲ್ಯಾಮಿಂಗ್ಟನ್ ಕೇಕನ್ನು ಕೈಯಲ್ಲೇ ಹಿಡಿದುಕೊಂಡು ಕುಣಿದೆವು.

"ಸರಿ, ಈಗ ವಾಪಸ್ ತಗೊಂಡೋಗಿ ಹಾಕಿ," ಎಂದಳು ಗ್ಲೆನಿಸ್.

"ಹಾಕಿದ್ರೆ ಮಕ್ಕಳು ತುಳೀತಾರೆ. ತುಳಿದ್ರೆ ಸವೆಯುತ್ತೆ. ಸವೆದ್ರೆ ಆ ಗಾಳೀಲಿ ಮತ್ತೆ ಹೊಡೀಬೇಕಾಗುತ್ತೆ. ಮಕ್ಕಳೇ ಇಲ್ಲಿಗೆ ಬಂದು ದಾಟ್ಲಿ," ಎಂದ ರಾಯ್ಸ್.

"ರಸ್ತೆ ಅಲ್ಲಿದೆ, ದಾಟೋದು ಇಲ್ಲಿಯಾ? ತಲೆ ನೆಟ್ಟಗಿದೆಯೇನೋ ಮಾರಾಯ ನಿಂಗೆ?"

"ಗ್ಲೆನಿಸ್, ಅಲ್ಲಿ ಗಾಡಿ ಓಡಾಡ್ತವೆ. ಮಕ್ಕಳಿಗೆ ಅಪಾಯ."

ಸದಸ್ಯರೆಲ್ಲ ಕೈ ಎತ್ತಿದರು. ನಿರ್ಣಯ ಸರ್ವಾನುಮತದಿಂದ ಅಂಗೀಕಾರವಾಯಿತು.

ಈಗ ಪ್ರತಿ ಬೆಳಿಗ್ಗೆ ಬಸ್ಸು ಮಕ್ಕಳನ್ನು ಸಭಾಂಗಣಕ್ಕೆ ತರುತ್ತದೆ. ಸವೆಯದಿರಲೆಂದು ಮಕ್ಕಳು ಬೂಟು ಬಿಚ್ಚಿ ಹಳದಿ ಪಾದಗಳ ಮೇಲೆ ನಿಲ್ಲುತ್ತಾರೆ, ಬಲಕ್ಕೆ ಎಡಕ್ಕೆ ನೋಡುತ್ತಾರೆ, ಗ್ಲೆನಿಸ್ ಫಲಕ ಎತ್ತಿದಾಗ ನೆಲ ದಾಟುತ್ತಾರೆ. ವಾಹನವಿಲ್ಲದ ಕಡೆ ಫಲಕವೇಕೆಂದು ಲೆಕ್ಕಪರಿಶೋಧಕರು ತಕರಾರು ತೆಗೆದದ್ದರಿಂದ, ಅಧ್ಯಕ್ಷೆ ತಮ್ಮ ಗಾಲ್ಫ್ ಗಾಡಿಯನ್ನು ವೇದಿಕೆಯ ಬದಿಯಿಂದ ಮೆಲ್ಲಗೆ ಓಡಿಸಿಕೊಂಡು ಬಂದು, ಫಲಕ ಕಂಡು ನಿಲ್ಲುತ್ತಾರೆ.

ಆಮೇಲೆ ಬಸ್ಸು ಮಕ್ಕಳನ್ನು ಶಾಲೆಯ ಎದುರು ಬದಿಯಲ್ಲಿ ಇಳಿಸುತ್ತದೆ. ಲಾರಿಗಳ ನಡುವೆ ಸಂದು ಸಿಕ್ಕಾಗ ಅವರು ಓಡುತ್ತಾರೆ. ಮೊದಮೊದಲು ನಾನು ಕಣ್ಣು ಮುಚ್ಚಿಕೊಳ್ಳುತ್ತಿದ್ದೆ, ಈಗ ಅಭ್ಯಾಸವಾಗಿದೆ. ಗ್ಲೆನಿಸ್‌ಗೂ ಸಭಾಂಗಣದಲ್ಲಿ ಹೀಟರ್ ಹಾಕಿಸಿಕೊಟ್ಟ ಮೇಲೆ ತಕರಾರಿಲ್ಲ. ಬಸ್ಸು ಹೊರಡುವಾಗ ಮಾತ್ರ ಕಿಟಕಿ ಬಡಿದು, "ಅಲ್ಲಿ ಜೋರಾಗಿ ಓಡ್ರೋ, ನನ್ನ ಬಂಗಾರಗಳಾ!" ಎಂದು ಕೂಗುತ್ತಾಳೆ.

ಕಳೆದ ಪೋಷಕರ ಸಭೆಯಲ್ಲಿ ಒಬ್ಬ ತಾಯಿ ಎದ್ದುನಿಂತು, "ನನ್ನ ಮಗು ಕ್ಷೇಮವಾ?" ಎಂದು ಕೇಳಿದಳು. ಸ್ಪ್ರೇ ಪೇಂಟ್‌ನಿಂದ ಈವರೆಗೆ ಒಂದು ಮಗುವಿಗೂ ಏನೂ ಆಗಿಲ್ಲವೆಂದು ರಾಯ್ಸ್ ಭರವಸೆ ಕೊಟ್ಟ. ಎಲ್ಲರೂ ಚಪ್ಪಾಳೆ ತಟ್ಟಿದರು, ಆ ತಾಯಿಯೂ ತಟ್ಟಿದಳು.