ಎಣ್ಣೆ ಮಿಲ್ಲಿನ ಕ್ರೀಡಾಂಗಣ

ಊರೆಂದರೆ ಅದಕ್ಕೊಂದು ಚರಿತ್ರೆ ಇರಬೇಕು ಎಂದು ಹೇಳುವವರು ಸಾಮಾನ್ಯವಾಗಿ ಚರಿತ್ರೆ ಇರುವ ಊರಿನವರೇ ಆಗಿರುತ್ತಾರೆ. ಚಿತ್ರದುರ್ಗದ ನನ್ನ ಷಡ್ಡಕ ಮನೆಗೆ ಬಂದ ನೆಂಟರನ್ನೆಲ್ಲ ಕೋಟೆ ಹತ್ತಿಸಿ, ಆ ಬುರುಜುಗಳನ್ನು ತಾನೇ ನಿಂತು ಕಟ್ಟಿಸಿದವನಂತೆ ಬೆವರು ಒರೆಸಿಕೊಳ್ಳುತ್ತಾನೆ. ಅವನು ನಮ್ಮೂರು ಚಳ್ಳಕೆರೆಗೆ ಬಂದಾಗ ನಾನು ತೋರಿಸಬಹುದಾಗಿದ್ದದ್ದು ಪೇಟೆಯ ನಟ್ಟನಡುವಿನ ಒಂದು ತಗಡಿನ ಷೆಡ್ಡು. ಅದನ್ನು ಕೆಡವಿ ಎಷ್ಟೋ ವರ್ಷವಾಯಿತು. ಆ ಜಾಗದಲ್ಲೀಗ ಮೊಬೈಲ್ ರಿಪೇರಿ ಅಂಗಡಿಗಳಿವೆ. ಅಲ್ಲಿ ಚಾರ್ಜರ್ ಕೊಳ್ಳಲು ನಿಂತಾಗಲೆಲ್ಲ ನನ್ನ ಕಾಲು ತಾನಾಗಿ ಕಬಡ್ಡಿಯ ಮಧ್ಯಗೆರೆಯನ್ನು ಹುಡುಕುತ್ತದೆ.

ಷೆಡ್ಡು ರುದ್ರಪ್ಪನವರದು. ಅವರ ತಂದೆಯ ಕಾಲದಿಂದ ಅಲ್ಲಿ ಶೇಂಗಾ ಎಣ್ಣೆ ಮಿಲ್ಲು ನಡೆಯುತ್ತಿತ್ತು. ತೊಂಬತ್ತರ ದಶಕದಲ್ಲಿ ಅಗ್ಗದ ಎಣ್ಣೆ ಪಾಕೀಟಿನಲ್ಲಿ ಬರತೊಡಗಿತು, ಮಿಲ್ಲು ನಿಂತಿತು. ಯಂತ್ರಗಳನ್ನು ಸಾಗಿಸಿದ ಮೇಲೆ ಖಾಲಿ ಬಿದ್ದ ಷೆಡ್ಡನ್ನು ನೋಡಿದ ಊರಿನ ಹುಡುಗರು, ‘ಕಬಡ್ಡಿ ಆಡ್ಕೊಂತೀವಿ ಸಾವ್ಕಾರ್ರೇ’ ಎಂದು ಕೇಳಿದರು. ರುದ್ರಪ್ಪನವರಿಗೆ ಇಲ್ಲ ಎಂಬ ಶಬ್ದ ಬರುತ್ತಿರಲಿಲ್ಲ. ಆಮೇಲೆ ಆರ್ಕೆಸ್ಟ್ರಾದವರು ಕೇಳಿದರು, ಅವರಿಗೂ ಹೂಂ ಎಂದರು. ಹೀಗೆ ನಮ್ಮೂರಿಗೆ ಕ್ರೀಡಾಂಗಣವೂ ಸಂಗೀತ ಸಭಾಂಗಣವೂ ಒಂದೇ ತಗಡಿನಡಿ ಬಂದವು. ನೆಲ ಎಷ್ಟೋ ವರ್ಷ ಎಣ್ಣೆ ಕುಡಿದಿತ್ತು. ಅದರ ಮೇಲೆ ಎಷ್ಟು ಕೆಮ್ಮಣ್ಣು ಸುರಿದರೂ ಬಿಸಿಲೇರಿದಾಗ ಶೇಂಗಾ ಹಿಂಡಿಯ ವಾಸನೆ ಮೇಲೆದ್ದು ಬರುತ್ತಿತ್ತು. ಅಲ್ಲಿ ಬಿದ್ದು ಎದ್ದ ಆಟಗಾರರು ಮನೆಗೆ ಹೋದರೆ ಎಮ್ಮೆಗಳು ಹಗ್ಗ ಜಗ್ಗಿ ಬಂದು ಅವರ ಬೆನ್ನು ನೆಕ್ಕುತ್ತಿದ್ದವು.

ನಾನು ಮಂಡಿಯಲ್ಲಿ ಶೇಂಗಾ ಹರಾಜು ಕೂಗುತ್ತಿದ್ದವನು. ಗಂಟಲಿದೆ ಎಂಬ ಒಂದೇ ಅರ್ಹತೆಯ ಮೇಲೆ ನನ್ನನ್ನು ಷೆಡ್ಡಿನ ಮೈಕಿನ ಮುಂದೆ ಕೂರಿಸಿದರು. ಹಗಲೆಲ್ಲ ಶೇಂಗಾ ರಾಶಿಯನ್ನು ಹೊಗಳಿ, ಸಂಜೆ ಆಟಗಾರರನ್ನು ಹೊಗಳುವುದು ನನಗೆ ಕಷ್ಟವಾಗಲಿಲ್ಲ. ಎರಡಕ್ಕೂ ಬಳಸುತ್ತಿದ್ದ ವಿಶೇಷಣಗಳು ಹೆಚ್ಚು ಕಡಿಮೆ ಅವೇ: ಗಟ್ಟಿ ಕಾಳು, ಒಳ್ಳೇ ಮಾಲು. ಮನೆಯಲ್ಲಿ ಉಪ್ಪು ಕೇಳುವಾಗಲೂ ಅದೇ ದನಿ ಬರುತ್ತಿದ್ದುದರಿಂದ ನನ್ನ ಹೆಂಡತಿ ಊಟಕ್ಕೆ ಬಡಿಸಿ ಹಿತ್ತಲಿಗೆ ಹೋಗಿಬಿಡುತ್ತಿದ್ದಳು.

ನಾನು ಹೊಗಳಿದವರಲ್ಲಿ ನಿಜಕ್ಕೂ ಒಳ್ಳೇ ಮಾಲು ಎಂದರೆ ಮೊಳಕಾಲ್ಮುರಿನ ಪಾಲಯ್ಯ. ಅಲ್ಲಿ ರೇಷ್ಮೆ ಸೀರೆ ನೇಯುವ ಮಗ್ಗದಲ್ಲಿ ಕೂಲಿಗೆ ಕೂರುತ್ತಿದ್ದ. ಕಾಲು ಮಗ್ಗದ ಕೆಳಗಿನ ಗುಂಡಿಯಲ್ಲಿಟ್ಟು ದಿನವಿಡೀ ಕೂತು ಕೂತು, ಅಂಕಣಕ್ಕಿಳಿದನೆಂದರೆ ಕೂತದ್ದನ್ನೆಲ್ಲ ತೀರಿಸಿಕೊಳ್ಳುವಂತೆ ಹಾರುತ್ತಿದ್ದ. ಆದರೆ ಆಡುವ ವಿಷಯ ಅವನ ಅವ್ವ ಓಬಮ್ಮನಿಗೆ ಗೊತ್ತಿರಲಿಲ್ಲ. ಗಂಡ ಸತ್ತ ಮೇಲೆ ಇದ್ದೊಬ್ಬ ಮಗನ ಕೈಕಾಲನ್ನು ನಂಬಿಕೊಂಡವರು. ಮುರಿದುಕೊಂಡರೆ ಗತಿಯೇನೆಂದು ಆಟಕ್ಕೆ ಬಿಡುತ್ತಿರಲಿಲ್ಲ. ಮೊಣಕೈ ತರಚಿಕೊಂಡು ಹೋದಾಗಲೆಲ್ಲ ಅವನು, ‘ಮಗ್ಗದ ಗುಂಡಿಗೆ ಬಿದ್ದೆ ಕಣವ್ವ’ ಎನ್ನುತ್ತಿದ್ದ. ಪಾಪ, ಊರಿನ ಅತಿ ಪೆದ್ದ ನೇಕಾರ ತನ್ನ ಹೊಟ್ಟೆಯಲ್ಲೇ ಹುಟ್ಟಿದ್ದಾನೆಂದು ಆಕೆ ದೇವರಿಗೆ ಹರಕೆ ಹೊತ್ತಿದ್ದರಂತೆ.

ಒಂದು ಸಲ ಒಂದೇ ಶನಿವಾರಕ್ಕೆ ರುದ್ರಪ್ಪನವರು ಕಬಡ್ಡಿ ಫೈನಲ್ಲಿಗೂ ಹೂಂ ಎಂದಿದ್ದರು, ದಾವಣಗೆರೆಯ ಆರ್ಕೆಸ್ಟ್ರಾಕ್ಕೂ ಹೂಂ ಎಂದಿದ್ದರು. ಜಗಳವಾಗಿ, ಕೊನೆಗೆ ಮೊದಲು ಆಟ, ಆಮೇಲೆ ಹಾಡು ಎಂದು ರಾಜಿಯಾಯಿತು. ಆದರೆ ಹಾಡಿಗೆ ಮುಂದೆ ಜಾಗ ಸಿಗಲೆಂದು ಹೆಂಗಸರು ಸಂಜೆಗೇ ಬಂದು ಅಂಕಣದ ಸುತ್ತ ಚಾಪೆ ಹಾಸಿಬಿಟ್ಟರು. ಅದುವರೆಗೆ ನಮ್ಮ ಷೆಡ್ಡಿನಲ್ಲಿ ಕಬಡ್ಡಿ ನೋಡಲು ಒಬ್ಬ ಹೆಂಗಸೂ ಬಂದದ್ದಿಲ್ಲ. ಅವರ ನಡುವೆ, ಚಳ್ಳಕೆರೆಯ ಮಗಳ ಮನೆಗೆ ಬಂದಿದ್ದ ಓಬಮ್ಮ ಕೂತಿದ್ದರು.

ಪಾಲಯ್ಯ ದಾಳಿಗೆ ಹೋದ. ಎದುರಿನವರು ಅವನ ಕಣಕಾಲು ಹಿಡಿದು ಕೆಡವಿ ಮೇಲೆ ಬಿದ್ದರು. ನಾನು ಮೈಕಿನಲ್ಲಿ ‘ಹಿಡಿದರು, ಹಿಡಿದರು’ ಎನ್ನುತ್ತಿರುವಾಗಲೇ ಚಾಪೆಯಿಂದ ಒಂದು ಸೀರೆ ಎದ್ದು ಗೆರೆ ದಾಟಿತು. ‘ವದಲಂಡ್ರಾ ನಾ ಕೊಡುಕುನಿ’ ಎಂದು, ಮಗನನ್ನು ಬಿಡಿರೆಂದು ತೆಲುಗಿನಲ್ಲಿ ಕೂಗುತ್ತ ಹೋದ ಓಬಮ್ಮ, ಎಲ್ಲರಿಗಿಂತ ಮೇಲಿದ್ದ ಆಟೊ ಓಡಿಸುವ ಬಾಷಾನ ಕಿವಿ ಹಿಡಿದು ಎತ್ತಿದರು.

‘ಬಿಡವ್ವ, ಆಟ ಇದು,’ ಎಂದ ಬಾಷಾ, ಕಿವಿ ಹೋದ ಕಡೆಗೇ ತಲೆ ಬಾಗಿಸಿಕೊಂಡು.

‘ಒಬ್ಬನ ಮ್ಯಾಲೆ ಇಷ್ಟು ಜನ ಬೀಳೋದು ಯಾವ ಸೀಮೆ ಆಟಲೇ?’ ಎಂದವರು ನನ್ನ ಕಡೆ ತಿರುಗಿದರು. ‘ನೀವು ದೊಡ್ಡೋರು. ಬಿಡಿಸೋದು ಬಿಟ್ಟು ಕೂತ್ಕಂಡು ಕೂಗ್ತೀರಲ್ರೀ.’

ಅಡಿಯಲ್ಲಿದ್ದವನು ಮುಖಕ್ಕೆ ಮಣ್ಣು ಮೆತ್ತಿಕೊಂಡೇ ಎದ್ದು ನಿಂತ. ತಾಯಿ ಅವನ ಮೊಣಕೈ ನೋಡಿದರು. ‘ನೀನು ಬೀಳ್ತಿದ್ದ ಮಗ್ಗದ ಗುಂಡಿ ಇದೇ ಏನೋ?’ ಎಂದರು. ಪಾಲಯ್ಯ ಮೊಣಕೈಯನ್ನು ಬೆನ್ನ ಹಿಂದೆ ಮರೆಮಾಡಿದ. ಆಟಗಾರನ ತಾಯಿ ಅಂಕಣಕ್ಕೆ ಬಂದರೆ ಏನೆಂಬ ನಿಯಮ ಅಂಪೈರಿಗೂ ಗೊತ್ತಿಲ್ಲ. ಅವರು ಪೀಪಿ ಬಾಯಲ್ಲಿಟ್ಟುಕೊಂಡು ಒಂದಿಷ್ಟು ಯೋಚಿಸಿ, ದಾಳಿ ಮತ್ತೆ ಆಗಲಿ ಎಂದರು. ಪಾಲಯ್ಯ ಅವ್ವನ ಮುಖ ನೋಡಿದ. ಓಬಮ್ಮ ಸೆರಗು ಸಿಕ್ಕಿಸಿಕೊಂಡು ಗೆರೆಯಾಚೆ ಕೂತು, ‘ಹೋಗು. ಕೈಗೆ ಸಿಗಬ್ಯಾಡ,’ ಎಂದರು. ಅವನು ಹೋಗಿ ಇಬ್ಬರನ್ನು ಮುಟ್ಟಿ ಬಂದ. ಆಕೆ ಪಕ್ಕದವರಿಗೆ ‘ನನ್ನ ಮಗ’ ಎಂದರು. ಆ ಕಡೆ ಪಕ್ಕದವರಿಗೂ ಹೇಳಿದರು. ಆಮೇಲೆ ಗೆದ್ದವರು ಯಾರೆಂದು ಊರಿನಲ್ಲಿ ಈಗ ಯಾರಿಗೂ ನೆನಪಿಲ್ಲ. ಅಲ್ಲಿಂದ ಮುಂದೆ ಕಬಡ್ಡಿಗೆ ಹೆಂಗಸರ ಚಾಪೆಗಳು ತಪ್ಪದೆ ಬಂದವು. ಓಬಮ್ಮ ಮೊಳಕಾಲ್ಮುರಿನಿಂದ ಬಸ್ಸು ಹತ್ತಿ, ಮಂಡಕ್ಕಿ ಗಂಟಿನ ಸಮೇತ ಬರುತ್ತಿದ್ದರು.

ರುದ್ರಪ್ಪನವರು ತೀರಿಕೊಂಡ ಮೇಲೆ ಮಕ್ಕಳು ಜಾಗವನ್ನು ಅಂಗಡಿ ಸಾಲಿಗೆಂದು ಮಾರಿದರು. ಕೆಡವುವ ಮುಂಚೆ ಒಂದು ಭಾನುವಾರ ಹಳೆಯ ಆಟಗಾರರೆಲ್ಲ ಸೇರಿ ಕೊನೆಯ ಪಂದ್ಯ ಆಡುವುದೆಂದು ಮಾತಾಯಿತು. ನಾವು ಹೋಗಿ ನೋಡಿದರೆ, ತಗಡು ಕೊಂಡವನು ಹಿಂದಿನ ದಿನವೇ ಲಾರಿ ತಂದು ಮಾಡು ಬಿಚ್ಚಿಕೊಂಡು ಹೋಗಿದ್ದ. ಕಂಬಗಳೂ ಒಂದು ಮೋಟು ಗೋಡೆಯೂ ಮಾತ್ರ ನಿಂತಿದ್ದವು. ಕರೆಂಟಿಲ್ಲ, ಮೈಕಿಲ್ಲ. ಬಂದ ಹಲವರು ಬಿಸಿಲು ನೋಡಿ ಟೀ ಕುಡಿಯಲು ಹೋದವರು ವಾಪಸು ಬರಲಿಲ್ಲ. ಓಬಮ್ಮ ಹೊಸ ಸೀರೆ ಉಟ್ಟು ಬಂದಿದ್ದರು, ಮಗ ನೇಯ್ದದ್ದೇ. ಆ ಗೋಡೆಯ ನೆರಳಿನಲ್ಲಿ ಕೂತು ಖಾಲಿ ಅಂಕಣವನ್ನು ನೋಡಿದರು.

‘ಬಂದದ್ದಾಗೈತೆ. ಒಂದ್ಸಲ ಹೋಗಿ ಬಾರೋ,’ ಎಂದರು ಮಗನಿಗೆ.

ಪಾಲಯ್ಯನ ಮಂಡಿ ಆಗಲೇ ಕೈಕೊಟ್ಟಿತ್ತು. ಆದರೂ ಪಂಚೆ ಎತ್ತಿಕಟ್ಟಿ ಕುಂಟುತ್ತ ಹೊರಟ. ಎದುರಿಗಿದ್ದವನು ಬಾಷಾ ಒಬ್ಬನೇ. ಹೊಟ್ಟೆ ಬಂದಿತ್ತು. ಅವನು ಪಾಲಯ್ಯನ ಸೊಂಟವನ್ನು ಗಾಜಿನ ಸಾಮಾನು ಹಿಡಿಯುವಂತೆ ಹಿಡಿದ.

‘ಗಟ್ಟಿಯಾಗಿ ಹಿಡಿಯಪ್ಪ ಬಾಷಾ,’ ಎಂದರು ಓಬಮ್ಮ. ‘ಇನ್ಯಾವಾಗ ಹಿಡೀತೀಯ?’

ಬಾಷಾ ಗಟ್ಟಿಯಾಗಿ ಹಿಡಿದ. ಇಬ್ಬರೂ ಉರುಳಿ, ಏಳಲಾರದೆ, ಮಣ್ಣಿನಲ್ಲೇ ಕೂತು ನಕ್ಕರು. ಕಣ್ಣು ಒರೆಸಿಕೊಂಡದ್ದು ಮಣ್ಣು ಬಿದ್ದು ಎಂದರು, ನಾವು ಒಪ್ಪಿಕೊಂಡೆವು. ನಾನು ಓಬಮ್ಮನ ಪಕ್ಕದಲ್ಲಿ ಕೂತು, ಅಭ್ಯಾಸಬಲದಿಂದ, ಅವರೊಬ್ಬರಿಗೇ ಕೇಳುವಷ್ಟು ಮೆಲ್ಲಗೆ ಆಟದ ವರದಿ ಒಪ್ಪಿಸುತ್ತಿದ್ದೆ. ಅವರು ನನ್ನ ಕಡೆ ತಿರುಗಿದರು.

‘ನಿಮ್ಮ ಮಾತು ಚೆನ್ನಾಗೈತಲ್ರೀ,’ ಎಂದರು. ‘ಇಷ್ಟು ವರ್ಷ ಆ ಮೈಕ್‌ನಾಗೆ ಏನು ಕೂಗ್ತಿದ್ರೋ, ಒಂದಕ್ಷರ ತಿಳೀಲಿಲ್ಲ. ಕಿವಿ ಮುಚ್ಕೊಂಡೇ ಮಗನ ಆಟ ನೋಡ್ತಿದ್ದೆ.’

ಆ ಮಾತನ್ನು ನಾನು ಮನೆಯಲ್ಲಿ ಇದುವರೆಗೂ ಹೇಳಿಲ್ಲ. ಹೇಳಿದರೆ ನನ್ನ ಹೆಂಡತಿ ಅವತ್ತೇ ಮೊಳಕಾಲ್ಮುರಿನ ಬಸ್ಸು ಹತ್ತಿ, ಆ ತಾಯಿಗೆ ಹಣ್ಣು ಕಾಯಿ ಕೊಟ್ಟು ಬರುತ್ತಾಳೆ.