ಇಡೀ ವ್ಯಾನಿಗೆ ಕಷಾಯ

ಭಾನುವಾರ ಬೆಳಿಗ್ಗೆ ಕೊಪ್ಪ ಬಸ್ ಸ್ಟ್ಯಾಂಡಿನ ಎದುರು ನಾನು ವ್ಯಾನು ಹತ್ತಿ ಕೂತೆನೆಂದರೆ, ಸಂಜೆ ಇಳಿಯುವಷ್ಟರಲ್ಲಿ ಹೇಳಿಕೊಂಡು ನಗುವುದಕ್ಕೆ ಏನಾದರೂ ಒಂದು ಆಗಿಯೇ ಇರುತ್ತದೆ. ಅದಕ್ಕೆ ನಾನೇನೂ ಮಾಡಬೇಕಾಗಿಲ್ಲ. ಹೊಟ್ಟೆ, ಗುಡ್ಡ, ದೊಡ್ಡ ಊರಿನ ಜನ, ಈ ಮೂರನ್ನು ಒಂದು ವ್ಯಾನಿನಲ್ಲಿ ತುಂಬಿದರೆ ಉಳಿದದ್ದು ಅದರ ಪಾಡಿಗೆ ಆಗುತ್ತದೆ.

ವ್ಯಾನು ನಮ್ಮ ಪೇಟೆಯ ಭಾಯಿಯದು. ಬಸ್ ಸ್ಟ್ಯಾಂಡಿನ ಹತ್ತಿರ ಅವರ ದಿನಸಿ ಅಂಗಡಿ ಇದೆ. ಭಾನುವಾರ ಅಂಗಡಿಯನ್ನು ಹೆಂಡತಿಗೆ ಬಿಟ್ಟು, ಹೊರಗಿನಿಂದ ಬಂದವರನ್ನು ಒಂದು ದಿನದ ಪ್ರವಾಸಕ್ಕೆ ಕರೆದುಕೊಂಡು ಹೋಗುತ್ತಾರೆ. ಬೆಳಿಗ್ಗೆ ಜಯಪುರದ ಮೇಲೆ ಶೃಂಗೇರಿ, ಅಲ್ಲಿಯ ಹಳೇ ಕಲ್ಲಿನ ದೇವಸ್ಥಾನ, ಪೇಟೆ ನಡುವಿನ ಬೆಟ್ಟ. ಮಧ್ಯಾಹ್ನದ ಮೇಲೆ ಎನ್.ಆರ್.ಪುರದ ಬಸದಿ, ಅದರಾಚೆ ಗುಡ್ಡದ ನೆತ್ತಿಯಲ್ಲಿ ಪಾಳೇಗಾರರ ಕಾಲದ ಕೋಟೆ. ನಡುನಡುವೆ ಒಂದೊಂದು ಮನೆಯಲ್ಲಿ ಇಳಿದು ನಮ್ಮ ಕಡೆಯ ತಿಂಡಿಯ ರುಚಿ ನೋಡುವುದು, ಬೇರೆ ಊಟ ಇಲ್ಲ. ಇದನ್ನೆಲ್ಲ ತೋರಿಸಿ ವಿವರಿಸುವುದಕ್ಕೆ ಅವರಿಗೆ ಒಬ್ಬರು ಬೇಕಿತ್ತು. ನಾನು ಓದಿದ್ದು ಹತ್ತನೇ ಕ್ಲಾಸು ಮಾತ್ರ ಅಂದೆ. ‘ನಿನ್ನ ಬಾಯಿ ಡಿಗ್ರಿ ಮಾಡಿದೆಯಲ್ಲ ತಂಗಿ, ಸಾಕು’ ಅಂದರು.

ತೊಡಕಿದ್ದದ್ದು ಮನೆಯಲ್ಲಿ. ನನ್ನ ಗಂಡ ಲಾರಿ ಓಡಿಸುವವರು, ಭಾನುವಾರ ಯಾವ ಊರಲ್ಲಿರುತ್ತಾರೆ ಅಂತ ಅವರಿಗೇ ಗೊತ್ತಿರುವುದಿಲ್ಲ. ಪುಟ್ಟ ಮಗಳನ್ನು ನೋಡಿಕೊಳ್ಳಬೇಕಾದವರು ಅತ್ತೆ. ಅತ್ತೆ ಒಪ್ಪಿದರು, ಆದರೆ ಒಂದು ಕರಾರು ಹಾಕಿದರು: ಪ್ರವಾಸದ ಕೊನೆಯ ತಿಂಡಿ ನಮ್ಮ ಮನೆಯಲ್ಲಿ, ಅವರ ಕೈಯ ಅಕ್ಕಿ ಕಡುಬು. ಎನ್.ಆರ್.ಪುರದಿಂದ ಕೊಪ್ಪಕ್ಕೆ ವಾಪಸು ಬರುವ ದಾರಿಯಲ್ಲೇ ನಮ್ಮ ಮನೆ ಇರುವುದರಿಂದ ಭಾಯಿಯೂ ಸೈ ಅಂದರು. ಎಲ್ಲ ಸರಿಹೋಯಿತು ಅಂದುಕೊಂಡೆ. ಕೊನೆಯ ಮನೆಗೆ ಬರುವಷ್ಟರಲ್ಲಿ ಯಾರ ಹೊಟ್ಟೆಯಲ್ಲೂ ಜಾಗ ಇರುವುದಿಲ್ಲ ಅಂತ ನನಗೇನು ಗೊತ್ತು?

ಕೈ ಮೇಲೆ ಪತ್ರೊಡೆ

ಮೊದಲನೇ ಮನೆ ಜಯಪುರದ ಒಬ್ಬರು ವಯಸ್ಸಾದ ಅಮ್ಮನದು. ಕೆಸುವಿನ ಎಲೆಗೆ ಅಕ್ಕಿ ಹಿಟ್ಟು ಸವರಿ ಬೇಯಿಸುವ ಪತ್ರೊಡೆ ಮಾಡುವುದರಲ್ಲಿ ಅವರದು ಎತ್ತಿದ ಕೈ. ಶುರುವಿನಲ್ಲೇ ನಾನು ಅವರಿಗೆ ಬಿಡಿಸಿ ಹೇಳಿದ್ದೆ: ಅಮ್ಮ, ಇದು ಊಟ ಅಲ್ಲ, ರುಚಿ ನೋಡುವುದು. ಒಬ್ಬೊಬ್ಬರಿಗೆ ಒಂದು ಚೂರು ಕೊಟ್ಟರೆ ಸಾಕು.

ಅಮ್ಮ ನನ್ನನ್ನು ಮೇಲಿಂದ ಕೆಳಗಿನವರೆಗೆ ನೋಡಿದರು.

‘ಮನೆಗೆ ಬಂದವರಿಗೆ ಒಂದು ಚೂರು ಕೊಟ್ಟು ಕಳಿಸೋದಾ? ಅವರು ಎಂತ ತಪ್ಪು ಮಾಡಿದ್ದಾರೆ ಮಾರಾಯ್ತಿ?’

ಬೆಲ್ಲ, ನೀರು ಕೊಟ್ಟರು. ಬಾಳೆ ಎಲೆ ಹಾಕಿದರು. ಬಡಿಸತೊಡಗಿದರು. ನಮ್ಮ ಕಡೆ ಒಂದು ರಿವಾಜಿದೆ, ಅದು ಬಂದವರಿಗೆ ಗೊತ್ತಿರುವುದಿಲ್ಲ. ಮೊದಲನೇ ಸಲ ಸಾಕು ಅಂದರೆ ಅದು ಮರ್ಯಾದೆಗೆ. ಎರಡನೇ ಸಲದ್ದು ನಾಚಿಕೆಗೆ. ಮೂರನೇ ಸಲ ಅಂದಾಗ ಒಂದು ವೇಳೆ ನಿಜ ಇರಬಹುದೇನೋ ಅಂತ ಯೋಚನೆ ಮಾಡುತ್ತಾರೆ, ಮಾಡುತ್ತಾ ಇನ್ನೊಂದು ಬಡಿಸುತ್ತಾರೆ. ಮೈಸೂರಿನಿಂದ ಬಂದಿದ್ದ ಮೇಡಂ ಒಬ್ಬರು ಎಷ್ಟು ಸಾಕು ಅಂದರೂ ನಿಲ್ಲದಿದ್ದಾಗ ಎರಡೂ ಕೈ ಎಲೆಗೆ ಅಡ್ಡ ಹಿಡಿದರು. ಅಮ್ಮ ಒಂದು ಗಳಿಗೆಯೂ ತಡ ಮಾಡಲಿಲ್ಲ. ಕೈ ಮೇಲೇ ಪತ್ರೊಡೆ ಇಟ್ಟು, ಅದರ ಮೇಲೆ ತುಪ್ಪ ಹಾಕಿದರು.

ವ್ಯಾನು ಹತ್ತುವಾಗ ಮೇಡಂ ನನ್ನ ಕಿವಿಯ ಹತ್ತಿರ ಬಂದು, ಇಂಥದ್ದು ಇನ್ನೆಷ್ಟು ಮನೆ ಇದೆ ಅಂತ ಕೇಳಿದರು. ಅವರ ದನಿಯಲ್ಲಿ ಭಯ ಇತ್ತು.

ಸೂರ್ಯನಿಗೆ ಕಾದವರು

ಶೃಂಗೇರಿಯ ದೇವಸ್ಥಾನದಲ್ಲಿ ಹನ್ನೆರಡು ರಾಶಿಗೆ ಹನ್ನೆರಡು ಕಂಬ ಇವೆ. ಯಾವ ತಿಂಗಳು ಸೂರ್ಯ ಯಾವ ರಾಶಿಯಲ್ಲಿರುತ್ತಾನೋ ಆ ಕಂಬದ ಮೇಲೆ ಬೆಳಗಿನ ಬಿಸಿಲು ಬೀಳುತ್ತದೆ ಅನ್ನುತ್ತಾರೆ. ಎಷ್ಟು ಸಲ ಹೋದರೂ ಆ ಕಂಬಗಳ ಮುಂದೆ ನನಗೆ ಅದೇ ಯೋಚನೆ. ಕಲ್ಲು ಕೆತ್ತುವವರು ಸೂರ್ಯನ ದಾರಿಯನ್ನು ಹೇಗೆ ಹಿಡಿದರು? ನಮ್ಮ ಅಡಿಗೆ ಮನೆಗೆ ಕಿಟಕಿ ಇಟ್ಟ ಮೇಸ್ತ್ರಿಗೆ ಪಕ್ಕದ ಮನೆಯ ಗೋಡೆ ಎಲ್ಲಿದೆ ಅಂತಲೇ ತಿಳಿದಿರಲಿಲ್ಲ.

ಒಂದು ಸಲ ಬೆಂಗಳೂರಿನ ಗಂಡ ಹೆಂಡತಿ ಇದನ್ನು ಕೇಳಿ ಬಹಳ ಖುಷಿಪಟ್ಟರು. ಆ ಯಜಮಾನರಿಗೆ ಬಿಸಿಲು ಬೀಳುವುದನ್ನು ಕಣ್ಣಾರೆ ನೋಡಲೇಬೇಕಂತೆ. ಹೊರಗೆ ಮೋಡ ಕವಿದು, ಹಗಲಿಗೇ ದೀಪ ಹಚ್ಚುವ ಹಾಗಿತ್ತು. ಆಗಲಿ, ಬಿಸಿಲು ಬರುವವರೆಗೆ ಕಾಯುತ್ತೇವೆ ಅಂದರು. ಆಷಾಢದಲ್ಲಿ ಶೃಂಗೇರಿಗೆ ಬಂದು ಬಿಸಿಲಿಗೆ ಕಾಯುವವರನ್ನು ನಾನು ಅವತ್ತೇ ಕಂಡದ್ದು. ಅಲ್ಲೇ ಹತ್ತಿರ ಮೆಸ್ ನಡೆಸುವ ಒಬ್ಬ ಅಕ್ಕ, ಅವರದು ನಮ್ಮ ಎರಡನೇ ತಿಂಡಿ ಮನೆ, ತಿಂಡಿ ಆರುತ್ತಿದೆ ಅಂತ ಕರೆಯಲು ಬಂದರು. ವಿಷಯ ತಿಳಿದು ಆ ಯಜಮಾನರನ್ನು ಕನಿಕರದಿಂದ ನೋಡಿ ಹೇಳಿದರು: ‘ಕಾಯ್ಲಿ ಬಿಡು. ನಾವು ಒಣಗಲಿಕ್ಕೆ ಹಾಕಿದ ಬಟ್ಟೆಯೂ ಕಾಯ್ತಾ ಇದೆ.’

ಇಳಿದವರು, ಹತ್ತಿದವರು

ಎನ್.ಆರ್.ಪುರದ ಆಚೆಯ ಕೋಟೆ ಗುಡ್ಡ ಹತ್ತುವಾಗ ಪ್ರತಿ ಸಲವೂ ಒಬ್ಬರಾದರೂ ನನಗಿಂತ ಮುಂದೆ ನಡೆದು ವಿವರಣೆ ಕೊಡುತ್ತಾರೆ. ನನಗೆ ಅದು ಲಾಭವೇ, ಉಸಿರು ಉಳಿಯುತ್ತದೆ. ಒಂದು ಸಲ ಒಬ್ಬರು ಸರ್, ಶತ್ರು ಯಾವ ಕಡೆಯಿಂದ ಬರುತ್ತಿದ್ದ, ಎಲ್ಲಿಂದ ಬಂಡೆ ಉರುಳಿಸುತ್ತಿದ್ದರು, ಪೇಟೆಬೀದಿ ಎಲ್ಲಿತ್ತು ಅಂತ ಹೇಳುತ್ತಾ ಹೇಳುತ್ತಾ ಹತ್ತಿದರು. ಅರ್ಧ ದಾರಿಯಲ್ಲಿ ವಾಕ್ಯ ಚಿಕ್ಕದಾಯಿತು. ಮುಕ್ಕಾಲು ದಾರಿಯಲ್ಲಿ ಒಂದೊಂದೇ ಪದ ಬಂತು. ನೆತ್ತಿ ಮುಟ್ಟಿದಾಗ ಬರೀ ಬೆರಳು ತೋರಿಸುತ್ತಿದ್ದರು.

ಮೇಲೆ ದನ ಬಿಟ್ಟುಕೊಂಡು ಒಬ್ಬರು ಅಜ್ಜಿ ಕೂತಿದ್ದರು. ನಾವು ಎಂತ ನೋಡುವುದಕ್ಕೆ ಬಂದದ್ದು ಅಂತ ಕೇಳಿದರು. ಇಲ್ಲಿ ಹಿಂದೆ ದೊಡ್ಡ ಊರಿತ್ತಲ್ಲ ಅಜ್ಜಿ, ಅದನ್ನು ನೋಡಲಿಕ್ಕೆ ಅಂದೆ. ಅಜ್ಜಿ ಎಲೆಯಡಿಕೆ ಜಗಿಯುತ್ತಾ ಮುರಿದ ಗೋಡೆಗಳನ್ನು ನೋಡಿದರು, ಆಮೇಲೆ ಬೆವರು ಸುರಿಯುತ್ತಿದ್ದ ಸರ್ ಅವರನ್ನು ನೋಡಿದರು.

‘ಊರಿನವರೇ ಸಾಕಾಗಿ ಇಳಿದು ಹೋದರಲ್ಲ ಮಾರಾಯ್ತಿ. ನೀವು ಯಾಕೆ ಹತ್ತಿದ್ರಿ?’

ಅಗಿದಿದ್ದರೆ

ಗುಡ್ಡ ಇಳಿದ ಮೇಲೆ ಮೂರನೇ ಮನೆ. ತೋಟದ ಕೆಲಸಕ್ಕೆ ಹೋಗುವ ಒಬ್ಬ ಅಕ್ಕನದು. ಅವರು ಅಕ್ಕಿ ರೊಟ್ಟಿಗೆ ಚಗಳಿ ಚಟ್ನಿ ಮಾಡಿ ಕೊಡುತ್ತಾರೆ. ಚಗಳಿ ಅಂದರೆ ಮರದ ಎಲೆ ಸೇರಿಸಿ ಗೂಡು ಕಟ್ಟುವ ಕೆಂಪು ಇರುವೆ. ಇದನ್ನು ಮೊದಲೇ ಹೇಳಿಬಿಡಬೇಕು ಅನ್ನುವುದು ನನ್ನ ನಿಯಮ. ಆದರೆ ಅವತ್ತು ಒಬ್ಬ ತರುಣ ಕೋಲಿಗೆ ಸಿಕ್ಕಿಸಿದ ಫೋನಿನ ಜೊತೆಯಲ್ಲೇ ಮಾತಾಡುತ್ತಿದ್ದ, ನನ್ನ ಮಾತು ಅವನ ಕಿವಿಗೆ ಬೀಳಲಿಲ್ಲ. ತಾನು ಜಗತ್ತಿನಲ್ಲಿ ಏನು ಕೊಟ್ಟರೂ ತಿನ್ನುವವನು ಅಂತ ಫೋನಿಗೆ ಹೇಳಿ, ರೊಟ್ಟಿಗೆ ಚಟ್ನಿ ಹಚ್ಚಿ ಬಾಯಿಗೆ ಹಾಕಿಕೊಂಡ. ಎಂಥ ಹುಳಿ, ಎಂಥ ಖಾರ, ಇದು ಯಾವ ಕಾಯಿ ಅಂತ ಕೇಳಿದ.

ಕಾಯಿ ಅಲ್ಲ, ಇರುವೆ ಅಂದೆ.

ಅವನ ದವಡೆ ನಿಂತಿತು. ಫೋನು ಮೆಲ್ಲಗೆ ಕೆಳಗಿಳಿಯಿತು. ತುಂಬಿದ ಬಾಯಲ್ಲೇ ಅಕ್ಕನ ಕಡೆ ತಿರುಗಿ, ಸತ್ತಿದೆ ತಾನೇ ಅಂತ ಕೇಳಿದ.

ಅಕ್ಕ ರೊಟ್ಟಿ ತಟ್ಟುತ್ತಾ ತಲೆ ಎತ್ತದೆ ಹೇಳಿದರು: ‘ಅಗಿದಿದ್ರೆ ಸತ್ತಿರ್ತದೆ.’

ಮಂಗಳವಾರದ ಕಡುಬು

ಹೊರಗೆಲ್ಲ ನಗು, ಆದರೆ ಮನೆಯಲ್ಲಿ ನನ್ನ ಕೆಲಸಕ್ಕೇ ಕುತ್ತು ಬರತೊಡಗಿತು. ಅತ್ತೆ ಮಧ್ಯಾಹ್ನದಿಂದಲೇ ಒಲೆ ಮುಂದೆ ಕೂತು ದೊಡ್ಡ ಪಾತ್ರೆ ತುಂಬ ಕಡುಬು ಬೇಯಿಸುತ್ತಿದ್ದರು. ಸಂಜೆ ವ್ಯಾನು ಬಂದು ನಿಲ್ಲುತ್ತಿತ್ತು. ಜನ ಹೊಟ್ಟೆ ಹಿಡಿದುಕೊಂಡು ಇಳಿದು, ಕಡುಬಿಗೆ ಕೈ ಮುಗಿದು, ಫೋಟೋ ತೆಗೆದು, ಮತ್ತೆ ಹತ್ತುತ್ತಿದ್ದರು. ಆಮೇಲೆ ಅದನ್ನು ಮುಗಿಸಬೇಕಾದವರು ನಾವು. ಸೋಮವಾರ ಒಗ್ಗರಣೆ ಹಾಕಿದ ಕಡುಬು. ಮಂಗಳವಾರ ಕಾವಲಿಯಲ್ಲಿ ಹುರಿದ ಕಡುಬು. ನನ್ನ ಮಗಳು ಮೊದಲೇ ಊಟದ ವೈರಿ, ಮಕ್ಕಳಿಗೆ ಕಾಯಿಸುವ ರಾಗಿ ಸರಿಯ ಬಟ್ಟಲು ಕಂಡರೆ ಬಾಗಿಲ ಹಿಂದೆ ಅಡಗುವವಳು. ಈಗ ಕಡುಬು ಕಂಡರೂ ಅಡಗತೊಡಗಿದಳು.

ಅತ್ತೆಗೆ ಉಳಿದದ್ದರ ಬೇಸರ ಅಲ್ಲ. ಅವರ ಕಡುಬನ್ನು ಯಾರೂ ಇನ್ನೊಂದು ಹಾಕಿ ಅಂತ ಕೇಳಲಿಲ್ಲವಲ್ಲ, ಅದು ಅವರನ್ನು ಚುಚ್ಚುತ್ತಿತ್ತು. ಒಂದು ದಿನ ಖಡಾಖಂಡಿತ ಹೇಳಿಬಿಟ್ಟರು:

‘ಬರೋ ಭಾನುವಾರ ನನ್ನ ಮನೆಯಲ್ಲಿ ಒಬ್ಬರಾದ್ರೂ ಎರಡನೇ ಸಲ ಬಡಿಸಿಕೊಳ್ಬೇಕು. ಇಲ್ಲ ಅಂದ್ರೆ ನಿನ್ನ ಮಗಳನ್ನ ಸೊಂಟದ ಮೇಲೆ ಕೂರಿಸ್ಕೊಂಡೇ ಕೋಟೆ ಹತ್ತು.’

ಅವರು ಹೇಳಿದರೆ ಹೇಳಿದ್ದೇ. ಆ ಗುಡ್ಡ, ಈ ಮಗಳು, ಎರಡನ್ನೂ ಬಲ್ಲವಳು ನಾನು. ಕೆಲಸ ಹೋದಂತೆಯೇ.

ಇಡೀ ವ್ಯಾನಿಗೆ ಕಷಾಯ

ಶನಿವಾರ ಜಯಪುರದ ಅಮ್ಮನಿಗೆ ಫೋನ್ ಮಾಡಿದೆ. ಕಡಿಮೆ ಬಡಿಸಿ ಅಂದರೆ ಕೇಳುವವರಲ್ಲ ಅಂತ ಗೊತ್ತಿತ್ತು. ಅದಕ್ಕೇ ಒಂದು ಸುಳ್ಳು ಹೊಸೆದೆ. ನಾಳೆ ಬರುವವರಿಗೆಲ್ಲ ಹೊಟ್ಟೆ ಸರಿ ಇಲ್ಲ ಅಮ್ಮ, ಪಾಪ, ಒಂದು ಚೂರಿಗಿಂತ ಹೆಚ್ಚು ಕೊಡಲೇಬೇಡಿ ಅಂದೆ. ಅಮ್ಮ ಅಯ್ಯೋ ಪಾಪ ಅಂದರು. ಅಷ್ಟು ಸುಲಭವಾಗಿ ಒಪ್ಪಿದ್ದು ನೋಡಿ ನನಗೆ ಆಗಲೇ ಅನುಮಾನ ಬರಬೇಕಿತ್ತು.

ಭಾನುವಾರ ಜಯಪುರದಲ್ಲಿ ಎಲೆ ಹಾಕಿರಲಿಲ್ಲ. ಸಾಲಾಗಿ ಲೋಟ ಇಟ್ಟಿದ್ದರು. ಜೀರಿಗೆ, ಓಮ, ಕರಿಮೆಣಸು ಹಾಕಿ ಕಾಯಿಸಿದ ಕಷಾಯ. ಅಮ್ಮ ಒಬ್ಬೊಬ್ಬರ ಹಣೆ ಮುಟ್ಟಿ ನೋಡಿ ಕುಡಿಸಿದರು. ಪತ್ರೊಡೆಯ ವಾಸನೆ ಅಡಿಗೆ ಮನೆಯಿಂದ ಬರುತ್ತಲೇ ಇತ್ತು, ಪತ್ರೊಡೆ ಮಾತ್ರ ಬರಲಿಲ್ಲ. ಸರಿ, ಒಂದು ಮನೆಯಲ್ಲಿ ಕಡಿಮೆ ಆಯಿತು, ಒಳ್ಳೆಯದೇ ಅಂದುಕೊಂಡೆ.

ಶೃಂಗೇರಿಯ ಮೆಸ್ಸಿನಲ್ಲೂ ಎಲೆ ಇಲ್ಲ. ಮೆಂತೆ ಅರೆದು ಹಾಕಿದ ಮಜ್ಜಿಗೆ, ಒಬ್ಬರಿಗೆ ಎರಡು ಲೋಟ. ಅಕ್ಕನನ್ನು ಒಳಗೆ ಎಳೆದು ಕೇಳಿದೆ. ಜಯಪುರದಿಂದ ಫೋನ್ ಬಂದಿತ್ತಂತೆ. ಕಾಯಿಲೆಯವರು ಬರ್ತಾರೆ, ಜೋಪಾನ ಅಂತ.

ಅವತ್ತು ವ್ಯಾನಿನಲ್ಲಿ ಹುಬ್ಬಳ್ಳಿಯ ಅಣ್ಣನವರು ಒಬ್ಬರಿದ್ದರು, ಭಾರೀ ಆಳು. ತಿಂಡಿಯ ಪ್ರವಾಸ ಅಂತ ಬೆಳಿಗ್ಗೆ ಏನೂ ತಿನ್ನದೆ ಹೊಟ್ಟೆ ಖಾಲಿ ಇಟ್ಟುಕೊಂಡು ಬಂದಿದ್ದರು. ಮಜ್ಜಿಗೆಯ ಲೋಟ ಕೆಳಗಿಟ್ಟು ನನ್ನ ಹತ್ತಿರ ಬಂದು ದನಿ ತಗ್ಗಿಸಿ ಕೇಳಿದರು:

‘ಅಕ್ಕಾರ, ಮುಂದಿನ ಊರಾಗರ ಹಲ್ಲಿಗೆ ಕೆಲಸ ಐತೇನ್ರಿ?’

ಐತೆ ಅಂದೆ. ಇರಲಿಲ್ಲ. ಗುಡ್ಡ ಹತ್ತಿ ಇಳಿದು ಮೂರನೇ ಮನೆಗೆ ಹೋದರೆ, ತೋಟದ ಕೆಲಸದ ಅಕ್ಕ ನೆಲಬೇವಿನ ಕಷಾಯ ಕೈಗಿತ್ತರು. ಅದರ ಕಹಿ ನಾಳೆಯವರೆಗೂ ನಾಲಗೆ ಬಿಡುವುದಿಲ್ಲ. ಹಿಂದಿನ ಸೀಟಿನ ಒಬ್ಬ ಹೆಂಗಸು ಪಕ್ಕದವರಿಗೆ, ಈ ಕಡೆಯ ಜನ ಬರೀ ಔಷಧಿಯಲ್ಲೇ ಬದುಕುತ್ತಾರೆ, ಅದಕ್ಕೇ ಇಷ್ಟು ಗಟ್ಟಿಯಾಗಿದ್ದಾರೆ ಅಂತ ವಿವರಿಸುತ್ತಿದ್ದರು. ಭಾಯಿ ಕನ್ನಡಿಯಲ್ಲಿ ನನ್ನನ್ನೇ ನೋಡುತ್ತಿದ್ದರು. ನಾನು ಕಿಟಕಿಯ ಹೊರಗೆ ನೋಡಿದೆ.

ಆದರೂ ಒಳಗೊಳಗೆ ನನಗೆ ಖುಷಿ. ಇಡೀ ವ್ಯಾನು ಹಸಿದಿದೆ. ಅತ್ತೆಯ ಕಡುಬಿಗೆ ಇದಕ್ಕಿಂತ ಒಳ್ಳೆಯ ದಿನ ಬರಲಾರದು.

ಮನೆ ಮುಂದೆ ವ್ಯಾನು ನಿಂತಿತು. ಜನ ಇಳಿಯಲಿಲ್ಲ, ಧುಮುಕಿದರು. ಅತ್ತೆ ಬಾಗಿಲಲ್ಲಿ ನಿಂತಿದ್ದರು. ಕಡುಬಿನ ಪಾತ್ರೆ ಒಲೆ ಮೇಲೆ ಇರಲಿಲ್ಲ, ತೊಳೆದು ಬೋರಲು ಹಾಕಿತ್ತು. ಒಲೆ ಮೇಲೆ ಇದ್ದದ್ದು ಗಂಜಿ. ಉಪ್ಪೂ ಹಾಕದ, ಅನ್ನ ಬಸಿದ ನೀರಿನಂಥ ಗಂಜಿ.

‘ನನಗೂ ಫೋನ್ ಬಂದಿತ್ತು. ಹೊಟ್ಟೆ ಕೆಟ್ಟವರಿಗೆ ಕಡುಬು ಕೊಡ್ಲಿಕ್ಕೆ ನಂಗೆ ತಲೆ ಕೆಟ್ಟಿದ್ಯಾ?’

ನನ್ನ ಕೆಲಸ ಅಲ್ಲೇ ಮುಗಿಯಿತು ಅಂದುಕೊಂಡೆ. ಅಷ್ಟರಲ್ಲಿ ಜನ ಗಂಜಿಯ ಬಟ್ಟಲು ಎತ್ತಿ ಒಂದೇ ಸಲಕ್ಕೆ ಕುಡಿದು, ಇನ್ನೊಂದು ಸ್ವಲ್ಪ ಹಾಕಿ ಅಂದರು. ಅತ್ತೆ ಹಾಕಿದರು. ಮತ್ತೆ ಕೇಳಿದರು. ಮಿಡಿ ಉಪ್ಪಿನಕಾಯಿಯ ಭರಣಿ ಹೊರಗೆ ಬಂತು. ನಮ್ಮ ರಾತ್ರಿಯ ಅನ್ನ, ಹುರುಳಿ ಸಾರು ಹೊರಗೆ ಬಂತು. ನಾಲ್ಕು ಹಪ್ಪಳಕ್ಕೆ ಹತ್ತು ಕೈ ಬಂತು. ಅತ್ತೆಯ ಮುಖ ನೋಡಬೇಕಿತ್ತು. ಇಷ್ಟು ಭಾನುವಾರ ಕಾದ ಮಾತನ್ನು ಈಗ ಎಲ್ಲರೂ ಒಟ್ಟಿಗೆ ಹೇಳುತ್ತಿದ್ದಾರೆ, ಬಡಿಸಲು ಪಾತ್ರೆಯಲ್ಲಿ ಏನೂ ಇಲ್ಲ.

ಅಡಿಗೆ ಮನೆ ಬರಿದಾಗಿ ಗದ್ದಲ ನಿಂತಾಗ ಜಗಲಿಯಿಂದ ಚಮಚದ ಸದ್ದು ಕೇಳಿತು. ಹೋಗಿ ನೋಡಿದರೆ ಹುಬ್ಬಳ್ಳಿಯ ಅಣ್ಣನವರು ಕಾಲು ಮಡಚಿ ಕೂತು, ಮೊಲದ ಚಿತ್ರವಿದ್ದ ಪುಟ್ಟ ಬಟ್ಟಲಿನಿಂದ ಪುಟ್ಟ ಚಮಚದಲ್ಲಿ ತಿನ್ನುತ್ತಿದ್ದರು. ಮಗಳಿಗೆ ತಿನ್ನಿಸಲು ಅತ್ತೆ ಅಲ್ಲಿಟ್ಟು ಮರೆತ ರಾಗಿ ಸರಿ. ಕಣ್ಣು ಮುಚ್ಚಿ ಕೊನೆಯ ಚಮಚ ನುಂಗಿ ಹೇಳಿದರು:

‘ಇವತ್ತ ತಿಂದದ್ದರಾಗ ಇದಽ ಬೆಸ್ಟ್ ನೋಡ್ರಿ. ಇದು ಯಾವ ಕಾಲದ ಅಡಿಗಿ?’

ಅತ್ತೆ ಉತ್ತರ ಕೊಡುವ ಮೊದಲೇ ಬಾಗಿಲ ಹಿಂದಿನಿಂದ ಒಂದು ಕಿರುಚಾಟ ಎದ್ದಿತು. ನನ್ನ ಮಗಳು. ಹುಟ್ಟಿದಾಗಿನಿಂದ ಆ ಬಟ್ಟಲಿಗೆ ಬೆನ್ನು ತೋರಿಸಿದವಳು ಓಡಿ ಬಂದು, ಅದನ್ನು ಆ ದೊಡ್ಡ ಕೈಯಿಂದ ಕಿತ್ತುಕೊಂಡು, ತಳ ನೆಕ್ಕಿ, ಇನ್ನೂ ಬೇಕು ಅಂತ ನೆಲಕ್ಕೆ ಬಿದ್ದು ಹೊರಳಾಡಿದಳು. ಅತ್ತೆ ಮತ್ತೆ ಒಲೆ ಹಚ್ಚಿ ರಾಗಿ ಸರಿ ಕಾಯಿಸಿದರು. ಮಗಳಿಗೆ ಒಂದು ಬಟ್ಟಲು, ಅಣ್ಣನವರಿಗೆ ಎರಡು.

ವ್ಯಾನು ಹೋದ ಮೇಲೆ ಅತ್ತೆ ನನ್ನ ಕಡೆ ತಿರುಗಿದರು. ನಿನ್ನ ಬಾಯಲ್ಲಿ ಹುಟ್ಟಿದ ಕಾಯಿಲೆಗೆ ಇವತ್ತು ಇಡೀ ಸೀಮೆ ಕಷಾಯ ಕಾಯಿಸಿತಲ್ಲ ಅಂದರು. ಆಮೇಲೆ, ಬರುವ ಭಾನುವಾರ ಎಷ್ಟು ಜನ ಅಂತ ಕೇಳಿದರು. ಕೆಲಸ ಉಳಿಯಿತು ಅಂತ ನನಗೆ ಆಗ ಗೊತ್ತಾಯಿತು.

ಈಗ ಮಗಳು ಊಟಕ್ಕೆ ಹಠ ಮಾಡಿದರೆ ಅತ್ತೆ ಗುಮ್ಮನನ್ನು ಕರೆಯುವುದಿಲ್ಲ. ಕಿಟಕಿಯ ಕಡೆ ನೋಡಿ, ‘ಬೇಗ ತಿನ್ನು, ಟೂರಿಸ್ಟ್ ಬಂದ’ ಅನ್ನುತ್ತಾರೆ. ಬಟ್ಟಲು ಖಾಲಿ.